ಹಾಜರಿ ಪುಸ್ತಕದ ಒಂಬತ್ತನೇ ನಂಬರ್

ಪ್ರೌಢಶಾಲೆಯಲ್ಲಿ ಪಾಠ ಮಾಡಿದವರಿಗೆಲ್ಲ ಇದು ಗೊತ್ತು. ಹಾಜರಿ ಕರೆಯುತ್ತ ಎಂಟು ದಾಟಿ ಒಂಬತ್ತಕ್ಕೆ ಬಂದರೆ ಹಿಂದಿನ ಬೆಂಚಿನಲ್ಲಿ ಯಾರಾದರೊಬ್ಬರು ಕಿಸಕ್ಕನೆ ನಗುತ್ತಾರೆ. ಲೆಕ್ಕದ ಉತ್ತರ ಒಂಬತ್ತು ಬಂದರೂ ನಗುತ್ತಾರೆ. ಕ್ರೀಡಾಕೂಟದ ಅಂಗಿಗಳನ್ನು ಹಂಚುವಾಗ ಆ ಅಂಕಿಯ ಅಂಗಿ ಯಾರಿಗೂ ಬೇಡ. ಹೆಣ್ಣಿನ ಹಾಗೆ ನಡೆಯುವ, ಮಾತಾಡುವ ಹುಡುಗನನ್ನು ಹಂಗಿಸಲು ನಮ್ಮವರು ಒಂದು ಅಂಕಿಯನ್ನೇ ಮೀಸಲಿಟ್ಟಿದ್ದಾರೆ. ವಿಜ್ಞಾನ ಶಿಕ್ಷಕಿಯಾಗಿ ಹನ್ನೆರಡು ವರ್ಷ ನಾನು ಆ ನಗು ಕೇಳಿಸಿದಾಗಲೆಲ್ಲ ‘ಸೈಲೆನ್ಸ್’ ಎಂದು ಮೇಜು ತಟ್ಟಿ ಹತ್ತನೇ ನಂಬರಿಗೆ ಹೋಗಿದ್ದೇನೆ.

2018ರ ಜೂನ್‌ನಲ್ಲಿ ಒಂಬತ್ತನೇ ತರಗತಿ ‘ಬಿ’ ವಿಭಾಗಕ್ಕೆ ನಾನು ಕ್ಲಾಸ್ ಟೀಚರ್ ಆದೆ. ಆ ವರ್ಷ ಒಂಬತ್ತನೇ ನಂಬರ್ ಬಂದಿದ್ದ ಮಗು ‘ಎಸ್ ಮೇಡಂ’ ಅನ್ನುತ್ತಲೇ ಇರಲಿಲ್ಲ. ತಲೆ ತಗ್ಗಿಸಿಕೊಂಡು ಕೈ ಮಾತ್ರ ಎತ್ತುತ್ತಿತ್ತು. ‘ಬಾಯಿಲ್ವೇನೋ ನಿಂಗೆ?’ ಎಂದು ಎರಡು ಮೂರು ಸಲ ಗದರಿದ್ದೇನೆ. ಆಗಸ್ಟ್‌ನಲ್ಲಿ ಒಂದು ದಿನ, ಹೊಸದಾಗಿ ಸೇರಿದ್ದ ಸಮಾಜ ವಿಜ್ಞಾನದ ಟೀಚರ್ ಸ್ಟಾಫ್ ರೂಮಿನಲ್ಲಿ ಮೆಲ್ಲಗೆ ಹೇಳಿದರು: ‘ಮೇಡಂ, ಆ ಮಗು ಬಾಯಿ ಬಿಟ್ರೆ ಹುಡುಗ್ರೆಲ್ಲ ಅದೇ ದನಿ ಮಾಡಿ ಅಣಕಿಸ್ತಾರೆ. ಅದಕ್ಕೇ ಕೈ ಎತ್ತೋದು. ನಿಮಗೆ ಗೊತ್ತಿದೆ ಅಂದ್ಕೊಂಡಿದ್ದೆ.’

ನನಗೆ ಗೊತ್ತಿರಲಿಲ್ಲ. ದಿನಾ ಬೆಳಿಗ್ಗೆ ಆ ನಂಬರನ್ನು ಎಲ್ಲರಿಗೂ ಕೇಳುವ ಹಾಗೆ ಕೂಗುತ್ತಿದ್ದವಳು ನಾನೇ.

ಇಲ್ಲಿ ‘ಮಗು’ ಎಂದು ಬರೆಯುತ್ತಿರುವುದಕ್ಕೆ ಕಾರಣವಿದೆ. ಅವನು, ಅವಳು ಎಂದು ಮೊದಲೇ ತೀರ್ಮಾನಿಸದೆ ಕನ್ನಡದಲ್ಲಿ ಒಬ್ಬರ ಬಗ್ಗೆ ಒಂದು ವಾಕ್ಯ ಮುಗಿಸುವುದು ಕಷ್ಟ. ಬಂದ, ಬಂದಳು ಎಂದು ಕ್ರಿಯಾಪದದ ಬಾಲದಲ್ಲೇ ಗಂಡು ಹೆಣ್ಣು ಕೂತಿರುತ್ತವೆ. ‘ಮಗು’ ಆ ಹಂಗಿಲ್ಲದ ಪದ. ಮಗು ಬಂತು, ಮಗು ಹೋಯಿತು. ಯಾವ ಪದ ಬೇಕೆಂದು ಆ ಮಗುವೇ ಹೇಳುವವರೆಗೆ ಇದನ್ನೇ ಬಳಸುತ್ತೇನೆ.

ನಾನು ಓದಿದ ಶಾಲೆಯಲ್ಲಿ ಸಂತಾನೋತ್ಪತ್ತಿಯ ಪಾಠ ಬಂದಾಗ ಮೇಷ್ಟ್ರು ಹೂವಿನ ಕೇಸರ, ಶಲಾಕೆಯವರೆಗೆ ಬಣ್ಣದ ಸೀಮೆಸುಣ್ಣದಲ್ಲಿ ಚಿತ್ರ ಬರೆದು ಪಾಠ ಮಾಡಿದರು. ಮನುಷ್ಯರ ಭಾಗ ಬಂದೊಡನೆ ‘ಇದನ್ನು ಮನೇಲಿ ಓದ್ಕೊಳ್ಳಿ’ ಎಂದು ಪುಟ ತಿರುವಿದರು. 2006ರಲ್ಲಿ ಕೆಲಸಕ್ಕೆ ಸೇರಿದ ನಾನೂ ಮೊದಲ ಐದಾರು ವರ್ಷ ಹಾಗೇ ಪುಟ ತಿರುವಿದೆ. ಆಮೇಲೆ ಸ್ವಲ್ಪ ಧೈರ್ಯ ಬಂದು ಚಿತ್ರ ಬರೆದು, ಭಾಗ ಗುರುತಿಸಿ, ಪರೀಕ್ಷೆಗೆ ಬೇಕಾದಷ್ಟು ಹೇಳಿ ಮುಗಿಸತೊಡಗಿದೆ. ಬಿ.ಎಡ್.ನಲ್ಲಿ ನನಗೆ ಈ ಬಗ್ಗೆ ಒಂದು ಮಾತನ್ನೂ ಯಾರೂ ಹೇಳಿರಲಿಲ್ಲ. ಶಿಕ್ಷಕರ ಶಿಕ್ಷಣಕ್ಕೆ 2014ರಲ್ಲಿ ಹೊಸ ನಿಯಮ ಬಂದು ಬಿ.ಎಡ್. ಎರಡು ವರ್ಷದ್ದಾದ ಮೇಲೆ ಲಿಂಗತ್ವ, ಶಾಲೆ ಮತ್ತು ಸಮಾಜ ಎಂಬ ಒಂದು ಪತ್ರಿಕೆ ಸೇರಿದೆ. ನಮ್ಮ ಸಮಾಜ ವಿಜ್ಞಾನದ ಟೀಚರ್ ಅದನ್ನು ಓದಿ ಬಂದವರು. ನಾನು ನೋಡದ್ದನ್ನು ಅವರು ನೋಡಲು ಅದೂ ಒಂದು ಕಾರಣ ಎಂದು ನಂಬಿದ್ದೇನೆ.

ಶಾಲೆಗಳ ಈ ಮೌನ ಶಿಕ್ಷಕರೊಬ್ಬರದೇ ಅಲ್ಲ. 2005ರಲ್ಲಿ ಕೇಂದ್ರ ಸರ್ಕಾರ ಹದಿಹರೆಯದ ಶಿಕ್ಷಣದ ಕಾರ್ಯಕ್ರಮ ತಂದಿತ್ತು. 2007ರ ಹೊತ್ತಿಗೆ ಕರ್ನಾಟಕವೂ ಸೇರಿ ಹಲವು ರಾಜ್ಯಗಳು ಅದನ್ನು ತಡೆದವು. ಮಕ್ಕಳು ಕೆಡುತ್ತಾರೆ ಎಂಬುದು ಮುಖ್ಯ ವಾದ. ನಾನಾಗ ಹೊಸಬಳು. ನಿಜ ಹೇಳಬೇಕೆಂದರೆ, ಸದ್ಯ ಆ ಪಾಠ ಮಾಡುವ ಕಷ್ಟ ತಪ್ಪಿತಲ್ಲ ಎಂದು ನಿಟ್ಟುಸಿರು ಬಿಟ್ಟಿದ್ದೆ.

ಆಗಸ್ಟ್‌ನ ಆ ಮಾತಾದ ಮೇಲೆ ಸುಮ್ಮನಿರಲು ಆಗಲಿಲ್ಲ. ಓದಲು ಕೂತೆ. ಲೈಂಗಿಕ ಶಿಕ್ಷಣದ ಬಗ್ಗೆ ಯುನೆಸ್ಕೋ 2009ರಲ್ಲಿ ಹೊರತಂದು 2018ರಲ್ಲಿ ಪರಿಷ್ಕರಿಸಿದ ಮಾರ್ಗಸೂಚಿ ನನಗೆ ಹೆಚ್ಚು ಉಪಯೋಗಕ್ಕೆ ಬಂತು. ಐದರಿಂದ ಎಂಟು, ಒಂಬತ್ತರಿಂದ ಹನ್ನೆರಡು, ಹನ್ನೆರಡರಿಂದ ಹದಿನೈದು, ಅದರ ಮೇಲೆ, ಹೀಗೆ ವಯಸ್ಸಿಗೆ ತಕ್ಕಂತೆ ಏನು ಹೇಳಬಹುದು ಎಂದು ಅದರಲ್ಲಿ ವಿಂಗಡಿಸಿದ್ದಾರೆ. ಸಂಬಂಧಗಳಿಂದ ಶುರುವಾಗುತ್ತದೆ, ದೇಹದಿಂದಲ್ಲ. ಇಂಥ ಶಿಕ್ಷಣದಿಂದ ಮಕ್ಕಳು ಬೇಗ ಲೈಂಗಿಕ ಸಂಪರ್ಕಕ್ಕೆ ಇಳಿಯುವುದಿಲ್ಲ ಎಂದು ಹಲವು ದೇಶಗಳ ಅಧ್ಯಯನಗಳನ್ನು ನೋಡಿ ಅವರು ತೀರ್ಮಾನಿಸಿದ್ದಾರೆ. 2007ರಲ್ಲಿ ನಮ್ಮವರು ಹೆದರಿದ್ದು ಅದಕ್ಕೇ.

ಸೆಪ್ಟೆಂಬರ್ 6ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ 377ನೇ ಸೆಕ್ಷನ್ ಬಗ್ಗೆ ತೀರ್ಪು ಕೊಟ್ಟಿತು. ವಯಸ್ಕರಿಬ್ಬರು ಒಪ್ಪಿ ಇಟ್ಟುಕೊಂಡ ಸಲಿಂಗ ಸಂಬಂಧ ಇನ್ನು ಅಪರಾಧವಲ್ಲ ಎಂದಿತು. ಮರುದಿನ ಪ್ರಾರ್ಥನೆಯ ನಂತರ ಪತ್ರಿಕೆಯ ಮುಖ್ಯಾಂಶ ಓದುವ ಸರದಿ ನಮ್ಮ ತರಗತಿಯದು. ಓದುತ್ತಿದ್ದ ಹುಡುಗಿ ಆ ಸುದ್ದಿಗೆ ಬಂದಾಗ ತಡವರಿಸಿ ನನ್ನ ಮುಖ ನೋಡಿದಳು. ನಾನು ಓದು ಎಂದು ತಲೆಯಾಡಿಸಿದೆ. ಓದಿದಳು. ಮಧ್ಯಾಹ್ನದೊಳಗೆ ಮೂರು ಮಕ್ಕಳು ಬೇರೆ ಬೇರೆಯಾಗಿ ಬಂದು ‘ಸಲಿಂಗ ಅಂದ್ರೆ ಏನು ಮೇಡಂ’ ಎಂದು ಕೇಳಿದರು.

ಅದರ ಮರುವಾರ ಪ್ರಶ್ನೆ ಪೆಟ್ಟಿಗೆ ಇಟ್ಟೆ. ಸೀಮೆಸುಣ್ಣದ ದೊಡ್ಡ ರಟ್ಟಿನ ಡಬ್ಬಕ್ಕೆ ಮೇಲೆ ಸೀಳು ಮಾಡಿ ಗಮ್ ಟೇಪ್ ಸುತ್ತಿದ್ದು, ಅಷ್ಟೇ. ಆದರೆ ಇಡುವ ಮೊದಲು ಎರಡು ವಿಷಯ ಸರಿಮಾಡಿಕೊಳ್ಳಬೇಕಿತ್ತು. ಇದನ್ನು ಮಾಡಹೊರಡುವ ಇತರ ಶಿಕ್ಷಕರಿಗಾಗಿ ವಿವರವಾಗಿಯೇ ಬರೆಯುತ್ತೇನೆ.

ಮೊದಲನೆಯದು, ಬರೆಯುವ ಮಗು ಎದ್ದು ಕಾಣಬಾರದು. ಹಾಗಾಗಿ ಎಲ್ಲರಿಗೂ ಒಂದೇ ಅಳತೆಯ ಚೀಟಿ ಹಂಚಿ, ಪ್ರಶ್ನೆ ಇಲ್ಲದವರು ‘ಪ್ರಶ್ನೆ ಇಲ್ಲ’ ಎಂದು ಬರೆಯಬೇಕು, ಆದರೆ ಚೀಟಿಯನ್ನು ಎಲ್ಲರೂ ಹಾಕಲೇಬೇಕು ಎಂದೆ. ಆಗ ಅರವತ್ತೆರಡು ಜನರೂ ಬರೆಯುತ್ತಾರೆ, ಅರವತ್ತೆರಡು ಜನರೂ ಎದ್ದು ಬರುತ್ತಾರೆ. ಎರಡನೆಯದು, ಎಲ್ಲವನ್ನೂ ಗುಟ್ಟಾಗಿಡುತ್ತೇನೆ ಎಂದು ಮಕ್ಕಳಿಗೆ ಮಾತು ಕೊಡಬಾರದು. ಹದಿನೆಂಟು ತುಂಬದ ಮಗುವಿನ ಮೇಲೆ ಲೈಂಗಿಕ ದೌರ್ಜನ್ಯ ನಡೆದಿದೆ ಎಂದು ತಿಳಿದರೆ ಅದನ್ನು ವರದಿ ಮಾಡಲೇಬೇಕೆಂದು 2012ರ ಪೋಕ್ಸೋ ಕಾಯ್ದೆ ಹೇಳುತ್ತದೆ. ಶಿಕ್ಷಕರು ಮುಚ್ಚಿಟ್ಟರೆ ಅದೇ ಅಪರಾಧ. ಆದ್ದರಿಂದ ಹೀಗೆ ಹೇಳಿದೆ: ‘ನಿಮ್ಮ ಪ್ರಶ್ನೆ ಯಾರದೆಂದು ಯಾರಿಗೂ ಹೇಳಲ್ಲ. ಆದರೆ ಯಾರಾದ್ರೂ ನಿಮಗೆ ತೊಂದರೆ ಕೊಡ್ತಿದ್ದಾರೆ ಅಂತ ಗೊತ್ತಾದ್ರೆ ನಾನು ಸುಮ್ಮನಿರಲ್ಲ, ಸಹಾಯ ತರ್ತೀನಿ. ಮಕ್ಕಳ ಸಹಾಯವಾಣಿ 1098ಕ್ಕೆ ನೀವೇ ಫೋನ್ ಮಾಡಬಹುದು.’ ಆ ನಂಬರನ್ನು ಬೋರ್ಡಿನ ಮೂಲೆಯಲ್ಲಿ ಬರೆದು, ಅಳಿಸಬೇಡಿ ಎಂದು ಸುತ್ತ ಗೆರೆ ಎಳೆದೆ.

ಸಂಜೆ ಲ್ಯಾಬಿನ ಬಾಗಿಲು ಹಾಕಿಕೊಂಡು ಡಬ್ಬ ಸುರಿದೆ. ‘ಪ್ರಶ್ನೆ ಇಲ್ಲ’ ಎಂಬ ಚೀಟಿಗಳು ಹತ್ತೊಂಬತ್ತು. ಉಳಿದವುಗಳಲ್ಲಿ ಹೆಚ್ಚಿನವು ಭಯದ ಪ್ರಶ್ನೆಗಳು. ಮುಟ್ಟಿನ ಹೊತ್ತಿನ ನೋವು ಜೀವಮಾನವಿಡೀ ಇರುತ್ತಾ? ನಿದ್ದೆಯಲ್ಲಿ ಒದ್ದೆಯಾದರೆ ಶಕ್ತಿ ಹೋಗುತ್ತಾ? ಎರಡೂ ಎದೆ ಒಂದೇ ಸಮ ಇಲ್ಲದಿದ್ದರೆ ಕ್ಯಾನ್ಸರ್ ಬರುತ್ತಾ? ಇವಕ್ಕೆಲ್ಲ ಒಂದೆರಡು ಮಾತಿನ ಉತ್ತರ ಸಾಕು. ಆ ಒಂದೆರಡು ಮಾತು ಸಿಗದೆ ಮಕ್ಕಳು ವರ್ಷಗಟ್ಟಲೆ ಒಳಗೊಳಗೇ ಬೇಯುತ್ತಾರೆ. ಏಳು ಚೀಟಿಗಳು ಸಲಿಂಗಾಸಕ್ತಿಯ ಬಗ್ಗೆ ಇದ್ದವು. ಅದು ಕಾಯಿಲೆಯಾ, ಅಂಟುತ್ತಾ, ಫ್ರೆಂಡ್ ಮೇಲೆ ತುಂಬಾ ಪ್ರೀತಿ ಇದ್ದರೆ ಅದೇನಾ ಎಂದು.

ಒಂದು ಚೀಟಿಯನ್ನು ಮಡಚಿ ಮಡಚಿ ಉಗುರಿನಷ್ಟು ಮಾಡಿ ಹಾಕಿದ್ದರು. ಬಿಡಿಸಿದರೆ ಪೆನ್ಸಿಲ್ಲಿನ ಅಕ್ಷರ. ‘ಹುಡುಗರ ಸಾಲಿನಲ್ಲಿ ನಿಂತಾಗ ಬೇರೆ ಯಾರದೋ ಜಾಗದಲ್ಲಿ ನಿಂತ ಹಾಗೆ ಆಗುತ್ತೆ. ದಿನಾಲೂ ಆಗುತ್ತೆ. ಇದಕ್ಕೆ ಹೆಸರು ಇದೆಯಾ?’

ದಿನಾ ಕಾಪಿ ತಿದ್ದುವವಳಿಗೆ ಅಕ್ಷರದ ಗುರುತು ಸಿಗದೆ ಇರುತ್ತದೆಯೇ? ಕೂಡಲೇ ಸಿಕ್ಕಿತು. ಚೀಟಿಯನ್ನು ಬೋರಲು ಹಾಕಿಬಿಟ್ಟೆ. ಹೆಸರು ಬೇಡವೆಂದು ನಂಬಿಸಿ ಪೆಟ್ಟಿಗೆ ಇಟ್ಟು, ಆಮೇಲೆ ಅಕ್ಷರ ಹಿಡಿದು ಮಗುವನ್ನು ಕರೆದು ಕೂರಿಸಿಕೊಳ್ಳುವುದು ನಂಬಿಕೆದ್ರೋಹ ಎನಿಸಿತು. ಉತ್ತರವನ್ನು ಅರವತ್ತೆರಡೂ ಮಕ್ಕಳಿಗೆ ಹೇಳಬೇಕು, ಬೇಕಾದ ಮಗು ತನಗೆ ಬೇಕಾದಷ್ಟನ್ನು ತೆಗೆದುಕೊಳ್ಳಲಿ ಎಂದು ನಿರ್ಧರಿಸಿದೆ.

ಆದರೆ ಉತ್ತರ ಹೇಳುವ ಧೈರ್ಯ ನನಗೇ ಸಾಲಲಿಲ್ಲ. ತಿಳಿದವರು ಬಂದು ಹೇಳಲಿ ಎಂದು ಒಬ್ಬ ವೈದ್ಯರನ್ನು ಕರೆಸಿದೆ. ನಾನು ಮಾಡಿದ ದೊಡ್ಡ ತಪ್ಪು ಅದು. ಅವರು ಮುಟ್ಟು, ಶುಚಿತ್ವ, ಪೌಷ್ಟಿಕತೆಯ ಬಗ್ಗೆ ಒಳ್ಳೆಯ ಮಾತು ಹೇಳಿದರು. ಚೀಟಿಯ ಪ್ರಶ್ನೆ ಬಂದಾಗ, ‘ಅದು ಹಾರ್ಮೋನ್ ತೊಂದರೆ, ಕೆಲವರಿಗೆ ಮಾನಸಿಕ. ಬೇಗ ಟ್ರೀಟ್‌ಮೆಂಟ್ ಕೊಡಿಸಿದ್ರೆ ಸರಿಹೋಗುತ್ತೆ. ಅಂಥವರ ಸಹವಾಸ ಮಾಡಬೇಡಿ’ ಎಂದರು. ಇಡೀ ತರಗತಿ ಒಂಬತ್ತನೇ ನಂಬರಿನ ಕಡೆ ತಿರುಗಿತು. ಮಾರನೆಯ ದಿನದಿಂದ ಆರು ದಿನ ಹಾಜರಿ ಪುಸ್ತಕದ ಆ ಸಾಲಿನಲ್ಲಿ ನಾನು ‘ಗೈ’ ಎಂದು ಬರೆದೆ.

ಆ ವೈದ್ಯರು ಕೆಟ್ಟವರಲ್ಲ. ತಾವು ಕಾಲೇಜಿನಲ್ಲಿ ಓದಿದ್ದನ್ನೇ ಹೇಳಿದರು. ವಿಶ್ವ ಆರೋಗ್ಯ ಸಂಸ್ಥೆ ಸಲಿಂಗಾಸಕ್ತಿಯನ್ನು ರೋಗಗಳ ಪಟ್ಟಿಯಿಂದ ತೆಗೆದದ್ದು 1990ರ ಮೇ 17ರಂದು. ನಮ್ಮ ವೈದ್ಯಕೀಯ ಪಠ್ಯಗಳಲ್ಲಿ, ಅದರಲ್ಲೂ ನ್ಯಾಯವೈದ್ಯಶಾಸ್ತ್ರದ ಪುಸ್ತಕಗಳಲ್ಲಿ, ಅದನ್ನು ವಿಕೃತಿ ಎಂದು ಬರೆಯುವುದು ಆಮೇಲೂ ನಡೆದೇ ಇತ್ತು. 2021ರ ಜೂನ್‌ನಲ್ಲಿ ಮದ್ರಾಸ್ ಹೈಕೋರ್ಟಿನ ನ್ಯಾಯಮೂರ್ತಿ ಎನ್. ಆನಂದ ವೆಂಕಟೇಶ್ ಇಬ್ಬರು ಯುವತಿಯರ ಪ್ರಕರಣದಲ್ಲಿ ಆದೇಶ ಕೊಟ್ಟ ಮೇಲೆ ಆ ಪುಸ್ತಕಗಳಿಗೆ ಬಿಸಿ ತಟ್ಟಿತು. ಅಕ್ಟೋಬರ್‌ನಲ್ಲಿ ರಾಷ್ಟ್ರೀಯ ವೈದ್ಯಕೀಯ ಆಯೋಗ, ಇಂಥ ಅವಹೇಳನದ ಬರಹವಿರುವ ಪುಸ್ತಕಗಳನ್ನು ಒಪ್ಪಬಾರದೆಂದು ಕಾಲೇಜುಗಳಿಗೆ ಸೂಚಿಸಿತು. 2022ರಲ್ಲಿ, ‘ಸರಿಪಡಿಸುತ್ತೇವೆ’ ಎನ್ನುವ ಚಿಕಿತ್ಸೆಯನ್ನು ವೃತ್ತಿಯ ದುರ್ನಡತೆ ಎಂದು ಘೋಷಿಸಿತು. ಅದೇ ಆಯೋಗದ ಪಠ್ಯಕ್ರಮದಲ್ಲಿ 2024ರ ಆಗಸ್ಟ್ ಕೊನೆಗೆ ಸ್ತ್ರೀ ಸಲಿಂಗ ಸಂಬಂಧ ಮತ್ತೆ ‘ಅಸಹಜ ಅಪರಾಧ’ಗಳ ಸಾಲಿಗೆ ಬಂದು ಕೂತಿತು. ಜನ ಗಟ್ಟಿಯಾಗಿ ಆಕ್ಷೇಪಿಸಿದ ಮೇಲೆ ಸೆಪ್ಟೆಂಬರ್ ಮೊದಲ ವಾರದಲ್ಲಿ ಅದನ್ನು ಹಿಂದಕ್ಕೆ ಪಡೆದರು. ಆ ಸುದ್ದಿ ಓದುವಾಗ ನನ್ನ ಕಣ್ಣ ಮುಂದಿದ್ದದ್ದು ಆ ಆರು ‘ಗೈ’ಗಳು. ಮೆಡಿಕಲ್ ಕಾಲೇಜಿನ ಪುಸ್ತಕದಲ್ಲಿ ಬರೆದ ಒಂದು ಸಾಲು ಹತ್ತು, ಇಪ್ಪತ್ತು ವರ್ಷ ಕಳೆದ ಮೇಲೆ ಎಲ್ಲೋ ಒಂದು ತರಗತಿಯಲ್ಲಿ ಒಂದು ಮಗುವಿಗೆ ಬಂದು ತಾಗುತ್ತದೆ.

ಮದ್ರಾಸಿನ ಆ ನ್ಯಾಯಮೂರ್ತಿಗಳ ಒಂದು ನಡೆ ನನಗೆ ತುಂಬಾ ಹಿಡಿಸಿತು. ಆದೇಶ ಬರೆಯುವ ಮೊದಲು, ಈ ವಿಷಯ ತಮಗೆ ಸರಿಯಾಗಿ ಗೊತ್ತಿಲ್ಲವೆಂದು ತೆರೆದ ಮನಸ್ಸಿನಿಂದ ಹೇಳಿ, ಮನಶ್ಶಾಸ್ತ್ರಜ್ಞರೊಬ್ಬರ ಮುಂದೆ ಕೂತು ಕೇಳಿ ತಿಳಿದುಕೊಂಡರು. ಶಿಕ್ಷಕರಿಗೆ ಇದಕ್ಕಿಂತ ಒಳ್ಳೆಯ ಮಾದರಿ ಬೇಕಿಲ್ಲ.

ಏಳನೆಯ ದಿನ ಮಗು ಬಂತು. ಅಂದೇ ನಾನು ಪಾಠ ತೆಗೆದುಕೊಂಡೆ. ‘ಹೋದ ವಾರ ಇಲ್ಲಿ ಹೇಳಿದ್ದರಲ್ಲಿ ಒಂದು ಮಾತು ತಪ್ಪು. ಕರೆಸಿದವಳು ನಾನು, ಆದ್ದರಿಂದ ಆ ತಪ್ಪು ನನ್ನದು’ ಎಂದು ಶುರುಮಾಡಿದೆ. ತರಗತಿಯಲ್ಲಿ ಅಷ್ಟು ನಿಶ್ಶಬ್ದ ನಾನು ಕಂಡಿರಲಿಲ್ಲ.

ಎಕ್ಸ್ ಎಕ್ಸ್ ವರ್ಣತಂತುಗಳಿದ್ದರೆ ಹೆಣ್ಣು, ಎಕ್ಸ್ ವೈ ಇದ್ದರೆ ಗಂಡು ಎಂದು ಎಂಟನೇ ತರಗತಿಯಿಂದ ಹೇಳಿಕೊಡುತ್ತೇವೆ. ಅಂದು ಅದರಾಚೆಗೆ ಹೋದೆ. ಗರ್ಭದಲ್ಲಿ ಸುಮಾರು ಆರು ವಾರದವರೆಗೆ ಭ್ರೂಣದ ಒಳಗೆ ಎರಡೂ ಬಗೆಯ ನಾಳಗಳು ಇರುತ್ತವೆ, ಗಂಡೋ ಹೆಣ್ಣೋ ಎಂದು ಆಗಿನ್ನೂ ಕಾಣುವುದಿಲ್ಲ ಎಂದು ಬೋರ್ಡಿನ ಮೇಲೆ ಜೋಡಿ ಗೆರೆ ಎಳೆದು ತೋರಿಸಿದೆ. ಸಾಮಾನ್ಯವಾಗಿ ವೈ ವರ್ಣತಂತುವಿನ ಮೇಲಿರುವ ಎಸ್‌ಆರ್‌ವೈ ಎಂಬ ಪುಟ್ಟ ಜೀನ್ ಕೆಲಸ ಶುರುಮಾಡಿದರೆ ವೃಷಣ ಬೆಳೆಯುತ್ತದೆ. ಅದನ್ನು ವಿಜ್ಞಾನಿಗಳು ಗುರುತಿಸಿದ್ದೇ 1990ರಲ್ಲಿ. ಎಕ್ಸ್ ಎಕ್ಸ್ ವೈ ಇರುವವರು ಇದ್ದಾರೆ. ಗಂಡು ಮಕ್ಕಳಾಗಿ ಹುಟ್ಟುವ 500ರಿಂದ 1,000 ಜನರಲ್ಲಿ ಒಬ್ಬರು. ಎಕ್ಸ್ ವೈ ಇದ್ದರೂ ದೇಹದ ಜೀವಕೋಶಗಳು ಗಂಡು ಹಾರ್ಮೋನಿಗೆ ಸ್ಪಂದಿಸದೆ, ಹೆಣ್ಣಿನ ದೇಹದೊಡನೆ ಹುಟ್ಟಿ ಹೆಣ್ಣಾಗಿಯೇ ಬೆಳೆಯುವವರೂ ಇದ್ದಾರೆ. 2006ರ ದೋಹಾ ಏಷ್ಯನ್ ಕ್ರೀಡಾಕೂಟದಲ್ಲಿ ತಮಿಳುನಾಡಿನ ಶಾಂತಿ ಸೌಂದರರಾಜನ್ 800 ಮೀಟರ್ ಓಟದಲ್ಲಿ ಬೆಳ್ಳಿ ಗೆದ್ದದ್ದು, ಲಿಂಗ ಪರೀಕ್ಷೆ ಎಂಬ ಹೆಸರಿನಲ್ಲಿ ಅದನ್ನು ಕಿತ್ತುಕೊಂಡದ್ದು, ಇಷ್ಟನ್ನೂ ಹೇಳಿದೆ. ‘ಓಡಿದ್ದು ಅವರೇ ತಾನೇ ಮೇಡಂ?’ ಎಂದು ಮುಂದಿನ ಬೆಂಚಿನ ಹುಡುಗಿಯೊಬ್ಬಳು ಸಿಟ್ಟಿನಿಂದ ಕೇಳಿದಳು.

ಅಂದಿನ ಪಾಠದಲ್ಲಿ ನನ್ನದೊಂದು ಎಡವಟ್ಟಾಯಿತು. ವರ್ಣತಂತುವಿನ ವ್ಯತ್ಯಾಸ ಹೇಳಿ, ‘ಹೀಗೆ ಟ್ರಾನ್ಸ್‌ಜೆಂಡರ್ ವ್ಯಕ್ತಿಗಳು ಇರುತ್ತಾರೆ’ ಎಂದು ಮುಗಿಸಿಬಿಟ್ಟೆ. ರಾತ್ರಿ ಟಿಪ್ಪಣಿ ತೆರೆದು ನೋಡಿದಾಗ ಎರಡು ಬೇರೆ ವಿಷಯಗಳನ್ನು ಗಂಟು ಹಾಕಿದ್ದು ಗೊತ್ತಾಯಿತು. ಮರುದಿನ ಬೋರ್ಡಿನ ಮೇಲೆ ಮೂರು ಕಂಬ ಎಳೆದೆ. ದೇಹ ಹೇಗೆ ಹುಟ್ಟಿದೆ ಎಂಬುದು ಒಂದು. ಮನಸ್ಸು ತನ್ನನ್ನು ಯಾರೆಂದು ಅರಿತಿದೆ ಎಂಬುದು ಇನ್ನೊಂದು. ಯಾರ ಮೇಲೆ ಒಲವು ಹುಟ್ಟುತ್ತದೆ ಎಂಬುದು ಮತ್ತೊಂದು. ದೇಹದ ರಚನೆಯಲ್ಲೇ ವ್ಯತ್ಯಾಸವಿರುವವರನ್ನು ಅಂತರ್‌ಲಿಂಗಿಗಳು ಎನ್ನುತ್ತೇವೆ. ಹುಟ್ಟಿದಾಗ ಬೇರೆಯವರು ಹೇಳಿದ ಲಿಂಗ ತನ್ನದಲ್ಲ ಎಂದು ಒಳಗಿನಿಂದ ಗೊತ್ತಿರುವವರು ಟ್ರಾನ್ಸ್‌ಜೆಂಡರ್. ಅವರ ವರ್ಣತಂತು ಎಲ್ಲರ ಹಾಗೇ ಇರಬಹುದು. ಒಲವು ಇವೆರಡಕ್ಕೂ ಬೇರೆ. ‘ಹುಡುಗರ ಸಾಲಿನಲ್ಲಿ ನಿಂತಾಗ ಬೇರೆಯವರ ಜಾಗ ಅನ್ನಿಸಿದರೆ ಅದಕ್ಕೆ ಹೆಸರಿದೆಯಾ ಅಂತ ಒಂದು ಪ್ರಶ್ನೆ ಬಂದಿತ್ತು. ಇದೆ. ಅದು ರೋಗದ ಹೆಸರಲ್ಲ. ಆ ಹೆಸರನ್ನು ಇಟ್ಟುಕೊಳ್ಳಬೇಕಾ, ಯಾವಾಗ, ಅನ್ನೋದು ಆ ವ್ಯಕ್ತಿಗೇ ಬಿಟ್ಟದ್ದು. ಅವಸರ ಇಲ್ಲ’ ಎಂದೆ. ಬೇಕೆಂದೇ ಕಿಟಕಿಯ ಕಡೆ ನೋಡುತ್ತ ಹೇಳಿದೆ, ಯಾವ ಮಗುವಿನ ಕಡೆಗೂ ನೋಡದೆ.

ಇದೆಲ್ಲ ಮನೆಗಳಿಗೆ ಮುಟ್ಟದೆ ಇರುತ್ತದೆಯೇ? ಎಚ್.ಎಂ. ಸರ್ ಪೋಷಕರ ಸಭೆ ಕರೆದರು. ‘ನೀವು ಇದನ್ನೆಲ್ಲ ತಲೆಗೆ ತುಂಬಿದ್ರೆ ಮಕ್ಕಳು ಹಾಗೇ ಆಗಿಬಿಡ್ತಾರೆ ಮೇಡಂ’ ಎಂದು ಒಬ್ಬ ತಂದೆ ಎದ್ದು ನಿಂತರು. ನಾನು ವಾದಿಸಲಿಲ್ಲ. ಚೀಟಿಗಳ ಪ್ರಶ್ನೆಗಳನ್ನು ನನ್ನ ಅಕ್ಷರದಲ್ಲಿ ಬೇರೆ ಹಾಳೆಗೆ ಇಳಿಸಿಕೊಂಡಿದ್ದೆ, ಪೆನ್ಸಿಲ್ಲಿನ ಆ ಪ್ರಶ್ನೆಯೊಂದನ್ನು ಬಿಟ್ಟು. ಒಂದೊಂದಾಗಿ ಓದಿದೆ. ಹತ್ತು ಹನ್ನೆರಡು ಓದುವಷ್ಟರಲ್ಲಿ ಕೋಣೆ ತಣ್ಣಗಾಯಿತು. ‘ಇವು ನಮ್ಮ ಮಕ್ಕಳೇ ಕೇಳಿದ್ದಾ?’ ಎಂದು ಒಬ್ಬ ತಾಯಿ ಕೇಳಿದರು. ಹೌದು ಎಂದೆ. ‘ಉತ್ತರ ನೀವು ಹೇಳ್ತೀರೋ, ನಾನು ಹೇಳಲೋ?’ ಎದ್ದು ನಿಂತಿದ್ದ ತಂದೆ ಸ್ವಲ್ಪ ಹೊತ್ತು ಬಿಟ್ಟು, ‘ನೀವೇ ಹೇಳಿ. ಆದ್ರೆ ಏನು ಹೇಳ್ತೀರಿ ಅಂತ ನಮಗೆ ಮೊದ್ಲು ತಿಳಿಸಿ’ ಎಂದರು. ನ್ಯಾಯವಾದ ಮಾತು. ಅಂದಿನಿಂದ ಪ್ರತಿ ವರ್ಷ ಮೊದಲು ಪೋಷಕರಿಗೆ ಒಂದು ಗಂಟೆ, ಆಮೇಲೆ ಮಕ್ಕಳಿಗೆ. ಆ ವರ್ಷ ಎರಡು ಮನೆಯವರು ಮಾತ್ರ ತಮ್ಮ ಮಕ್ಕಳು ಬೇಡ ಎಂದು ಬರೆದುಕೊಟ್ಟರು.

ಫೆಬ್ರವರಿಯಲ್ಲಿ ಒಂದು ಸಂಜೆ ಲ್ಯಾಬಿಗೆ ಬೀಗ ಹಾಕುತ್ತಿದ್ದೆ. ಮಗು ಬಂದು ಪಕ್ಕದಲ್ಲಿ ನಿಂತಿತು. ‘ಮೇಡಂ, ಒಂದು ಕೇಳ್ಲಾ? ನನ್ನನ್ನ ಬಾರೋ, ಹೋಗೋ ಅನ್ನಬೇಡಿ.’ ‘ಮತ್ತೆ ಏನು ಅನ್ನಲಿ?’ ‘ಬಾ ಅಂದ್ರೆ ಸಾಕು.’ ಅಷ್ಟೇ ಹೇಳಿ ಓಡಿತು.

ಒಂದು ‘ಓ’ ಬಿಡುವುದು ಎಷ್ಟು ಕಷ್ಟ ಎಂದು ಆಮೇಲೆ ತಿಳಿಯಿತು. ಹದಿಮೂರು ವರ್ಷದ ಅಭ್ಯಾಸದಲ್ಲಿ ನಾಲಗೆ ತಾನಾಗಿ ಆ ಕಡೆ ಹೊರಳುತ್ತದೆ. ಆ ಮಗುವಿಗೊಂದಕ್ಕೇ ಬಿಟ್ಟರೆ ಉಳಿದವರ ಕಣ್ಣಿಗೆ ಬೀಳುತ್ತದೆ ಎಂದು ಎಲ್ಲರಿಗೂ ಬಿಟ್ಟೆ: ಬಾರೋ ಇಲ್ಲ, ಬಾರೇ ಇಲ್ಲ, ಬಾ. ಹೊಸ ವರ್ಷದ ಹಾಜರಿ ಪುಸ್ತಕದಲ್ಲಿ ಮೊದಲು ಹುಡುಗರು ಆಮೇಲೆ ಹುಡುಗಿಯರು ಎಂಬ ಕ್ರಮ ತೆಗೆದು ಅಕಾರಾದಿಯಾಗಿ ಬರೆದೆ. ನಂಬರ್ ಕೂಗುವುದನ್ನು ಬಿಟ್ಟು ಹೆಸರು ಕರೆಯತೊಡಗಿದೆ. ಪ್ರಾರ್ಥನೆಗೆ ಎತ್ತರದ ಪ್ರಕಾರ ಸಾಲು ಮಾಡೋಣ ಎಂದರೆ ದೈಹಿಕ ಶಿಕ್ಷಣದ ಸರ್ ಒಪ್ಪಲು ಒಂದು ವಾರ ತೆಗೆದುಕೊಂಡರು. ಒಪ್ಪಿದ ಮೇಲೆ ಎಲ್ಲ ತರಗತಿಗೂ ಅವರೇ ಜಾರಿ ಮಾಡಿದರು. ಶೌಚಾಲಯದ್ದು ಮಾತ್ರ ಆಗಲಿಲ್ಲ. ಆ ಮಗು ಬೆಳಿಗ್ಗೆಯಿಂದ ಸಂಜೆಯವರೆಗೆ ನೀರು ಕುಡಿಯದೆ ಇರುತ್ತಿತ್ತು ಎಂದು ನನಗೆ ಗೊತ್ತಾದದ್ದೇ ಅದು ಶಾಲೆ ಬಿಟ್ಟ ಮೇಲೆ. 2021ರಲ್ಲಿ ಎನ್‌ಸಿಇಆರ್‌ಟಿ ಶಿಕ್ಷಕರಿಗಾಗಿ ಒಂದು ಕೈಪಿಡಿಯನ್ನು ತನ್ನ ಜಾಲತಾಣಕ್ಕೆ ಹಾಕಿತು. ಎಲ್ಲ ಮಕ್ಕಳೂ ಬಳಸುವ ಶೌಚಾಲಯ, ಲಿಂಗದ ಮೇಲೆ ಮಕ್ಕಳನ್ನು ವಿಂಗಡಿಸದೆ ಇರುವುದು ಇಂಥ ಸಲಹೆಗಳು ಅದರಲ್ಲಿದ್ದವು. ರಾಷ್ಟ್ರೀಯ ಮಕ್ಕಳ ಹಕ್ಕುಗಳ ರಕ್ಷಣಾ ಆಯೋಗ ಆಕ್ಷೇಪಿಸಿ ಪತ್ರ ಬರೆದ ಮೇಲೆ ಕೆಲವೇ ದಿನಗಳಲ್ಲಿ ಅದು ಜಾಲತಾಣದಿಂದ ಮಾಯವಾಯಿತು. ಆ ಕೈಪಿಡಿ ಉಳಿದಿದ್ದರೆ, ನನ್ನಂಥ ಎಷ್ಟೋ ಶಿಕ್ಷಕರು ಎಡವುವ ಮೊದಲೇ ಏನಾದರೂ ಕಲಿಯುತ್ತಿದ್ದರು.

ಮಗು 2020ರಲ್ಲಿ, ಮಾಸ್ಕ್ ಹಾಕಿಕೊಂಡು ಎಸ್ಸೆಸ್ಸೆಲ್ಸಿ ಬರೆದ ಬ್ಯಾಚಿನಲ್ಲಿ, ಪಾಸಾಯಿತು. ಆಮೇಲೆ ಮೂರು ವರ್ಷ ಸುದ್ದಿ ಇರಲಿಲ್ಲ. 2023ರ ಜುಲೈನಲ್ಲಿ ಒಬ್ಬ ಹುಡುಗಿ ಸ್ಟಾಫ್ ರೂಮಿನ ಬಾಗಿಲಲ್ಲಿ ನಿಂತು, ‘ಮೇಡಂ, ಬರಲಾ?’ ಎಂದಳು. ದನಿಯಿಂದ ಗುರುತು ಹಿಡಿದೆ. ಹದಿನೆಂಟು ತುಂಬಿದ ಮೇಲೆ 2019ರ ಟ್ರಾನ್ಸ್‌ಜೆಂಡರ್ ವ್ಯಕ್ತಿಗಳ ಕಾಯ್ದೆಯಡಿ ರಾಷ್ಟ್ರೀಯ ಪೋರ್ಟಲ್‌ನಲ್ಲಿ ಅರ್ಜಿ ಹಾಕಿ, ಜಿಲ್ಲಾಧಿಕಾರಿಯಿಂದ ಗುರುತಿನ ಪ್ರಮಾಣಪತ್ರ ಪಡೆದಿದ್ದಳು. ಅದರಲ್ಲಿ ಅವಳೇ ಆರಿಸಿಕೊಂಡ ಹೆಸರು. ‘ಈಗ ಬಾರೇ ಅನ್ನಬಹುದು’ ಎಂದು ನಕ್ಕಳು.

ಡಿಗ್ರಿ ಕಾಲೇಜಿನ ಅನುಭವಗಳನ್ನು ಒಂದೊಂದಾಗಿ ಹೇಳಿದಳು. ಅರ್ಜಿಯಲ್ಲಿ ಗಂಡು, ಹೆಣ್ಣು, ಇತರೆ ಎಂದು ಮೂರು ಚೌಕ ಇದ್ದವು. ಆದರೆ ವಿಶ್ವವಿದ್ಯಾಲಯದ ದಾಖಲೆ ಎಸ್ಸೆಸ್ಸೆಲ್ಸಿ ಅಂಕಪಟ್ಟಿಯ ಹಿಂದೆ ಹೋಗುತ್ತದೆ. ಹಾಗಾಗಿ ಹಾಜರಿಯಲ್ಲೂ, ಹಾಲ್ ಟಿಕೆಟ್‌ನಲ್ಲೂ ಹಳೆಯ ಹೆಸರು. ಹಾಸ್ಟೆಲ್‌ನಲ್ಲಿ ಹುಡುಗರ ಜೊತೆ ಇರಲಾರೆ ಎಂದಾಗ ಅತಿಥಿಗಳ ಕೋಣೆಯೊಂದರಲ್ಲಿ ಒಬ್ಬಳನ್ನೇ ಇಟ್ಟರು. ಸುರಕ್ಷಿತ, ಆದರೆ ಮಾತಾಡಲು ಯಾರೂ ಇಲ್ಲ. ಸೀನಿಯರ್‌ಗಳು ಅಣಕಿಸಿದಾಗ ಅವಳು ಯುಜಿಸಿಯ ರ‍್ಯಾಗಿಂಗ್ ತಡೆ ನಿಯಮಗಳ 2016ರ ತಿದ್ದುಪಡಿಯನ್ನು ಮುದ್ರಿಸಿಕೊಂಡು ಪ್ರಾಂಶುಪಾಲರ ಮುಂದೆ ಇಟ್ಟಳು. ಟ್ರಾನ್ಸ್‌ಜೆಂಡರ್ ಎಂದಾಗಲಿ, ಲೈಂಗಿಕ ಒಲವಿನ ಕಾರಣಕ್ಕಾಗಲಿ ಒಬ್ಬ ವಿದ್ಯಾರ್ಥಿಯನ್ನು ಹಿಂಸಿಸುವುದೂ ರ‍್ಯಾಗಿಂಗ್ ಎಂದು ಅದು ಬಿಡಿಸಿ ಹೇಳುತ್ತದೆ. ‘ಇದು ನಮಗೆ ಗೊತ್ತೇ ಇರಲಿಲ್ಲ’ ಎಂದರಂತೆ ಪ್ರಾಂಶುಪಾಲರು. ಕ್ರಮ ಕೈಗೊಂಡರು. ಇಂಗ್ಲಿಷ್ ಮೇಷ್ಟ್ರೊಬ್ಬರು ಮೊದಲ ದಿನವೇ ಹೊಸ ಹೆಸರು ಕೇಳಿ, ತಮ್ಮ ಹಾಜರಿ ಹಾಳೆಯಲ್ಲಿ ಹಳೆಯದರ ಪಕ್ಕ ಪೆನ್ಸಿಲ್‌ನಲ್ಲಿ ಬರೆದುಕೊಂಡು ಅದನ್ನೇ ಕರೆಯುತ್ತಿದ್ದರು. ‘ಆ ಪೀರಿಯಡ್ ಒಂದು ದಿನವೂ ತಪ್ಪಿಸಿಲ್ಲ ಮೇಡಂ’ ಎಂದಳು.

ಅವಳು ಬಂದದ್ದು ಶಾಲಾ ದಾಖಲೆ ತಿದ್ದಿಸಲು. ಗುರುತಿನ ಪ್ರಮಾಣಪತ್ರ ಇದ್ದರೆ ಶಾಲೆ, ಕಾಲೇಜು, ಮಂಡಳಿಯ ಪ್ರಮಾಣಪತ್ರಗಳಲ್ಲೂ ಹೆಸರು, ಲಿಂಗ ಬದಲಿಸಿಕೊಡಬೇಕೆಂದು 2020ರ ನಿಯಮಗಳು ಹೇಳುತ್ತವೆ. ಮದ್ರಾಸಿನ ಆದೇಶದಲ್ಲೂ ಅದೇ ಸೂಚನೆ ಇದೆ. ನಮ್ಮ ದಾಖಲಾತಿ ಪುಸ್ತಕ ತೆಗೆದು, ಎಚ್.ಎಂ. ಸರ್ ಸಹಿಯೊಂದಿಗೆ ಮಂಡಳಿಗೆ ಪ್ರಸ್ತಾವ ಕಳಿಸಿದೆವು. ಮೊದಲು ಪ್ರಮಾಣಪತ್ರದ ಇನ್ನೊಂದು ಪ್ರತಿ ಕೇಳಿದರು. ಕಳಿಸಿದೆವು. ಆಮೇಲೆ ಇಂಥ ತಿದ್ದುಪಡಿಗೆ ನಮೂನೆಯೇ ಇಲ್ಲ ಎಂದರು. ನಿಯಮದ ಪ್ರತಿಯನ್ನು ಲಗತ್ತಿಸಿ ಮತ್ತೆ ಬರೆದೆವು. ಈ ನಡುವೆ ಅವಳು ಎಲ್ಲ ಸೆಮಿಸ್ಟರ್‌ಗಳ ಪರೀಕ್ಷೆಯನ್ನೂ ಹಳೆಯ ಹೆಸರಿನ ಹಾಲ್ ಟಿಕೆಟ್ ಹಿಡಿದು ಬರೆದಳು. ಪ್ರತಿ ಸಲವೂ ಕೊಠಡಿಯ ಮೇಲ್ವಿಚಾರಕರು ಫೋಟೋ ನೋಡಿ, ಮುಖ ನೋಡಿ, ಎದ್ದು ನಿಲ್ಲಿಸಿ ಕೇಳುತ್ತಾರೆ. ಪ್ರಶ್ನೆಪತ್ರಿಕೆ ಕೈಗೆ ಬರುವ ಮೊದಲೇ ಅವಳು ಆ ಉತ್ತರ ಹೇಳಬೇಕು.

ಮೂರನೆಯ ಪತ್ರ ಮೊನ್ನೆ ಸೋಮವಾರ ಸ್ಪೀಡ್ ಪೋಸ್ಟ್‌ನಲ್ಲಿ ಹೋಗಿದೆ. ಅಂಚೆಯ ರಸೀದಿಯನ್ನು 2018ರ ಹಾಜರಿ ಪುಸ್ತಕದಲ್ಲಿ, ಆ ಆರು ‘ಗೈ’ಗಳಿರುವ ಪುಟಕ್ಕೆ ಪಿನ್ ಮಾಡಿ ಇಟ್ಟಿದ್ದೇನೆ.